ಓದುಗರ ಪ್ರಶ್ನೆ, ನಮ್ಮ ಉತ್ತರ: ದೂರದ ಗೆಳೆಯರೊಂದಿಗೆ ಒಂದೇ ಹೊತ್ತಿಗೆ ಸಿನಿಮಾ

ಬೇರೆ ಬೇರೆ ಊರುಗಳಲ್ಲಿರುವ ಗೆಳೆಯರು ಮತ್ತು ಬಂಧುಗಳು ಅಂತರ್ಜಾಲದ ಮೂಲಕ ಒಂದೇ ಸಿನಿಮಾವನ್ನು ಒಂದೇ ಹೊತ್ತಿಗೆ ನೋಡುವುದು ಹೇಗೆ ಎಂಬ ವಿಷಯವಾಗಿ ಮೈಸೂರು ಮತ್ತು ಮಂಡ್ಯದ ಓದುಗರಿಂದ ಬಂದ ಪತ್ರಗಳಲ್ಲಿ ಕೆಲವನ್ನು ಆಯ್ದು ಇಲ್ಲಿ ಉತ್ತರಿಸಿದ್ದೇವೆ. ಮೊದಲ ಪತ್ರದ ಉತ್ತರ ಉದ್ದವಾಗಿದೆ. ಮುಂದಿನ ಹಲವು ಉತ್ತರಗಳು ಅದನ್ನೇ ಆಧರಿಸಿರುವುದರಿಂದ ಅದನ್ನು ಮೊದಲು ಓದಿಕೊಳ್ಳುವುದು ಒಳ್ಳೆಯದು.

ಪ್ರಶ್ನೆ: ನಾವು ಆರು ಮಂದಿ ಕಾಲೇಜಿನ ದಿನಗಳಿಂದ ಸ್ನೇಹಿತೆಯರು. ಓದುವ ಕಾಲದಲ್ಲಿ ಗಾಯತ್ರಿ ಮತ್ತು ವುಡ್‌ಲ್ಯಾಂಡ್ಸ್ ಚಿತ್ರಮಂದಿರಗಳಿಗೆ ಬೆಳಗಿನ ಆಟಕ್ಕೆ ಒಟ್ಟಾಗಿ ಹೋಗುತ್ತಿದ್ದೆವು. ಈಗ ನಾನು ಮೈಸೂರಿನಲ್ಲಿ, ಒಬ್ಬಳು ಮಂಡ್ಯದಲ್ಲಿ, ಉಳಿದವರು ದುಬೈ, ಜರ್ಮನಿಯ ಸ್ಟುಟ್‌ಗಾರ್ಟ್, ಆಸ್ಟ್ರೇಲಿಯಾದ ಮೆಲ್ಬರ್ನ್ ಮತ್ತು ಅಮೆರಿಕದ ಸ್ಯಾನ್ ಹೋಸೆಯಲ್ಲಿದ್ದೇವೆ. ಫೋನಿನಲ್ಲಿ ಒಂದು, ಎರಡು, ಮೂರು ಎಂದು ಎಣಿಸಿ ಎಲ್ಲರೂ ಒಟ್ಟಿಗೆ ಸಿನಿಮಾ ಶುರುಮಾಡುತ್ತೇವೆ. ಹತ್ತು ನಿಮಿಷ ಕಳೆಯುವುದರೊಳಗೆ ಒಬ್ಬಳು ನಗುತ್ತಾಳೆ, ನಮಗೆ ಆ ಮಾತು ಇನ್ನೂ ಬಂದಿರುವುದಿಲ್ಲ. ಇದಲ್ಲದೆ ಆರೂ ಜನರಿಗೆ ಹೊಂದುವ ಸಮಯ ಸಿಗುವುದೇ ಇಲ್ಲ. ದಾರಿ ಇದೆಯೇ?
— ಓದುಗರೊಬ್ಬರು, ಸರಸ್ವತಿಪುರಂ, ಮೈಸೂರು

ಉತ್ತರ: ನಿಮ್ಮ ಪತ್ರದಲ್ಲಿ ಎರಡು ತೊಡಕುಗಳು ಬೆರೆತಿವೆ. ಆರು ಪರದೆಗಳನ್ನು ಒಂದೇ ಹೆಜ್ಜೆಯಲ್ಲಿ ನಡೆಸುವುದು ಒಂದು. ಆರು ಊರುಗಳ ಗಡಿಯಾರಗಳನ್ನು ಒಂದು ಕಡೆ ತರುವುದು ಇನ್ನೊಂದು. ಎರಡನೆಯದು ನೀವು ಅಂದುಕೊಂಡಷ್ಟು ಕಷ್ಟವಲ್ಲ ಎಂಬುದನ್ನು ಕೊನೆಯಲ್ಲಿ ಹೇಳುತ್ತೇವೆ.

ಒಟ್ಟಿಗೆ ನೋಡುವುದೆಂದರೆ ನಮ್ಮ ಪರದೆಯ ಮೇಲಿನ ಚಿತ್ರವೇ ಗೆಳತಿಯ ಮನೆಗೆ ಹರಿದುಹೋಗುತ್ತದೆ ಎಂದು ಬಹಳ ಮಂದಿ ತಿಳಿದಿದ್ದಾರೆ. ಇದಕ್ಕಾಗಿಯೇ ಮಾಡಿದ ಹೆಚ್ಚಿನ ಸಾಧನಗಳಲ್ಲಿ ಹಾಗೆ ಆಗುವುದಿಲ್ಲ. ಚಿತ್ರವು ಪ್ರತಿಯೊಬ್ಬರ ಮನೆಗೂ ಅದನ್ನು ಒದಗಿಸುವ ಕಂಪನಿಯ ಸರ್ವರ್‌ನಿಂದ ಪ್ರತ್ಯೇಕವಾಗಿಯೇ ಬರುತ್ತದೆ. ಗೆಳತಿಯರ ನಡುವೆ ಓಡಾಡುವುದು ‘ಈಗ ಶುರುವಾಯಿತು’, ‘ಇಲ್ಲಿ ನಿಂತಿತು’, ‘43ನೇ ನಿಮಿಷದ 12ನೇ ಸೆಕೆಂಡಿನಲ್ಲಿದ್ದೇವೆ’ ಎಂಬ ಪುಟ್ಟ ಸುದ್ದಿಗಳು ಮಾತ್ರ. ಆಕಾಶವಾಣಿಯ ವಾರ್ತೆಗೆ ಮೊದಲು ಕೇಳಿಬರುತ್ತಿದ್ದ ಬೀಪ್ ಸದ್ದಿಗೆ ಮನೆಮನೆಯವರೂ ಗಡಿಯಾರ ಸರಿಮಾಡಿಕೊಳ್ಳುತ್ತಿದ್ದುದನ್ನು ನೆನಪಿಸಿಕೊಳ್ಳಿ. ಗಡಿಯಾರ ಅವರವರ ಮನೆಯದು, ಹೊರಗಿನಿಂದ ಬರುತ್ತಿದ್ದುದು ಸದ್ದು ಮಾತ್ರ. ಇಲ್ಲಿಯೂ ಹಾಗೆಯೇ.

ಈ ಒಂದು ಸಂಗತಿಯನ್ನು ಹಿಡಿದುಕೊಂಡರೆ ಉಳಿದದ್ದೆಲ್ಲ ತಾನಾಗಿ ಬಿಡಿಸಿಕೊಳ್ಳುತ್ತದೆ. ಚಿತ್ರ ಅವರವರ ಮನೆಗೇ ಬರುವುದರಿಂದ ಚಂದಾ ಕೂಡ ಅವರವರದೇ ಇರಬೇಕು. ಒಂದು ಸಿನಿಮಾದ ಪ್ರಸಾರದ ಹಕ್ಕು ದೇಶದಿಂದ ದೇಶಕ್ಕೆ ಬೇರೆ ಕಂಪನಿಯ ಕೈಯಲ್ಲಿರುವುದುಂಟು; ಆದ್ದರಿಂದ ಭಾರತದಲ್ಲಿ ಕಾಣಿಸುವ ಕನ್ನಡ ಚಿತ್ರ ಸ್ಟುಟ್‌ಗಾರ್ಟಿನ ಗೆಳತಿಯ ಪಟ್ಟಿಯಲ್ಲಿ ಇಲ್ಲದಿರಬಹುದು. ಚಿತ್ರವನ್ನು ಆಯ್ಕೆಮಾಡುವ ಮೊದಲು ಆರು ಜನರೂ ತಮ್ಮ ತಮ್ಮ ಕಡೆ ಅದರ ಹೆಸರನ್ನು ಹುಡುಕಿ, ಅದು ಸಿಕ್ಕಿದರೆ ಒಟ್ಟು ಅವಧಿ ಎಷ್ಟೆಂದು ಗುಂಪಿನಲ್ಲಿ ಬರೆಯುವುದನ್ನು ರೂಢಿಮಾಡಿಕೊಳ್ಳಿ. ಒಬ್ಬಳಿಗೆ 2 ಗಂಟೆ 21 ನಿಮಿಷ, ಇನ್ನೊಬ್ಬಳಿಗೆ 2 ಗಂಟೆ 17 ನಿಮಿಷ ಎಂದು ತೋರಿಸುತ್ತಿದ್ದರೆ ಅವು ಬೇರೆ ಬೇರೆ ಪ್ರತಿಗಳು. ಎಲ್ಲಿಯೋ ಒಂದು ದೃಶ್ಯ ಕತ್ತರಿಸಿಹೋಗಿದೆ, ಅಲ್ಲಿಂದ ಮುಂದೆ ಎಷ್ಟು ಎಣಿಸಿದರೂ ಹೊಂದಿಕೆ ಆಗದು.

ಸಾಧನಗಳ ವಿಷಯಕ್ಕೆ ಬರೋಣ. 2020ರ ಲಾಕ್‌ಡೌನ್ ದಿನಗಳಲ್ಲಿ ‘ನೆಟ್‌ಫ್ಲಿಕ್ಸ್ ಪಾರ್ಟಿ’ ಎಂಬ ಹೆಸರಿನಿಂದ ಜಗತ್ತಿನಾದ್ಯಂತ ಬಳಕೆಗೆ ಬಂದು, ಅದೇ ವರ್ಷ ‘ಟೆಲಿಪಾರ್ಟಿ’ ಎಂದು ಹೆಸರು ಬದಲಿಸಿಕೊಂಡ ಸಾಧನವು ಕಂಪ್ಯೂಟರಿನ ಕ್ರೋಮ್ ಅಥವಾ ಎಡ್ಜ್ ಬ್ರೌಸರಿಗೆ ಸೇರಿಸಿಕೊಳ್ಳುವ ಎಕ್ಸ್‌ಟೆನ್ಷನ್. ಒಬ್ಬಳು ಸಿನಿಮಾ ತೆರೆದು ಅದರಿಂದ ಒಂದು ಲಿಂಕ್ ತೆಗೆದು ಉಳಿದವರಿಗೆ ಕಳುಹಿಸಿದರೆ, ಅವರು ತಮ್ಮ ತಮ್ಮ ಖಾತೆಯಿಂದಲೇ ಸೇರಿಕೊಳ್ಳುತ್ತಾರೆ. ಒಬ್ಬಳು ನಿಲ್ಲಿಸಿದರೆ ಎಲ್ಲರದೂ ನಿಲ್ಲುತ್ತದೆ, ಪಕ್ಕದಲ್ಲಿ ಬರೆದು ಹರಟೆ ಹೊಡೆಯಲು ಜಾಗವಿರುತ್ತದೆ. ಲಿಂಕ್ ತೆಗೆಯುವಾಗ ನಿಯಂತ್ರಣ ನನ್ನ ಕೈಯಲ್ಲಿ ಮಾತ್ರ ಇರಲಿ ಎಂಬ ಆಯ್ಕೆಯನ್ನು ಗುರುತುಮಾಡಿಕೊಳ್ಳುವುದು ಜಾಣತನ. ಇಲ್ಲದಿದ್ದರೆ ಆರು ಜನರಲ್ಲಿ ಯಾರಾದರೊಬ್ಬರ ಮನೆಯ ಮಗು ಕೀಲಿಮಣೆ ಮುಟ್ಟಿದರೂ ಆರು ಮನೆಗಳಲ್ಲಿ ಸಿನಿಮಾ ಹಿಂದೆ ಮುಂದೆ ಹಾರಾಡುತ್ತದೆ. ಯೂಟ್ಯೂಬಿನಲ್ಲಿರುವ ಚಿತ್ರಗಳಿಗಾದರೆ ವಾಚ್‌ಟುಗೆದರ್ ಎಂಬ ಜಾಲತಾಣ ಸಾಕು, ಅಲ್ಲಿ ಯಾವ ಎಕ್ಸ್‌ಟೆನ್ಷನ್ನೂ ಬೇಡ. ಆರೂ ಜನರ ಬಳಿ ಆಪಲ್ ಕಂಪನಿಯ ಫೋನೇ ಇದ್ದರೆ 2021ರ ಅಕ್ಟೋಬರಿನಲ್ಲಿ ಬಂದ ಶೇರ್‌ಪ್ಲೇ ಸೌಲಭ್ಯವಿದೆ, ಆದರೆ ಎಲ್ಲ ಚಿತ್ರಸೇವೆಗಳೂ ಅದಕ್ಕೆ ಒಗ್ಗಿಲ್ಲ.

ಇಂತಹ ಸಾಧನಗಳನ್ನು ಬಹಳ ನೆಚ್ಚಿಕೊಳ್ಳಬೇಡಿ ಎಂದೂ ಹೇಳಬೇಕು. ಹಲವರು ಸೇರಿ ಒಂದೇ ಬ್ರೌಸರ್ ನೋಡುವ ರ‍್ಯಾಬಿಟ್ ಎಂಬ ಜನಪ್ರಿಯ ಸೇವೆ 2019ರಲ್ಲಿ ಮುಚ್ಚಿತು. ಇನ್ನೊಂದು ವರ್ಷ ಉಸಿರು ಹಿಡಿದಿದ್ದರೆ ಜಗತ್ತೇ ಅದರ ಬಾಗಿಲು ತಟ್ಟುತ್ತಿತ್ತು. ಡಿಸ್ನಿ ಪ್ಲಸ್ ತನ್ನ ಗ್ರೂಪ್‌ವಾಚ್ ಸೌಲಭ್ಯವನ್ನು 2020ರಲ್ಲಿ ತಂದು 2023ರಲ್ಲಿ ತೆಗೆದುಹಾಕಿತು. ಅಮೆಜಾನ್ ಪ್ರೈಮ್ ವಿಡಿಯೊ ತನ್ನ ವಾಚ್ ಪಾರ್ಟಿಯನ್ನು 2020ರಲ್ಲಿ ತಂದು 2024ರಲ್ಲಿ ನಿಲ್ಲಿಸಿತು. ಆದ್ದರಿಂದ ಕೈಯಿಂದ ಹೊಂದಿಸುವ ನಿಮ್ಮ ಹಳೆಯ ಪದ್ಧತಿಯನ್ನು ಬಿಡದೆ ತಿದ್ದಿಕೊಳ್ಳುವುದೇ ಮೇಲು. ನಿಮ್ಮ ಮಂಡ್ಯದ ಗೆಳತಿಯ ಬಳಿ ಕಂಪ್ಯೂಟರ್ ಇದೆಯೋ ಇಲ್ಲವೋ ನೀವು ತಿಳಿಸಿಲ್ಲ. ಇಲ್ಲದಿದ್ದರೆ ಆಕೆಗೆ ಆಗುವ ದಾರಿಯೇ ಆರೂ ಜನರ ದಾರಿಯಾಗಬೇಕು.

ಎಣಿಸಿ ಶುರುಮಾಡುವಾಗ ಆಗುವ ತಪ್ಪು ಏನೆಂದರೆ, ಸಿನಿಮಾದ ಮೊದಲ ಸೆಕೆಂಡಿನಿಂದಲೇ ಎಣಿಸುವುದು. ಗುಂಡಿ ಒತ್ತಿದ ಮೇಲೆ ಒಬ್ಬರ ಟಿವಿ ಒಂದು ಸೆಕೆಂಡಿನಲ್ಲಿ, ಇನ್ನೊಬ್ಬರದು ಆರು ಸೆಕೆಂಡಿನಲ್ಲಿ ಚಿತ್ರ ತೋರಿಸುತ್ತದೆ; ಅದು ಆ ಮನೆಯ ಇಂಟರ್ನೆಟ್ಟಿನ ವೇಗಕ್ಕೂ ಯಂತ್ರದ ವಯಸ್ಸಿಗೂ ಬಿಟ್ಟದ್ದು. ಅದರ ಬದಲು ಎಲ್ಲರೂ ಎರಡು ನಿಮಿಷದಷ್ಟು ನೋಡಿ, ಶೀರ್ಷಿಕೆಗಳು ಮುಗಿಯುವ ಒಂದು ಗುರುತಿನ ಜಾಗದಲ್ಲಿ ನಿಲ್ಲಿಸಿ, ಅರ್ಧ ನಿಮಿಷ ಸುಮ್ಮನಿರಬೇಕು. ಆ ಹೊತ್ತಿಗೆ ಮುಂದಿನ ಭಾಗ ಯಂತ್ರದೊಳಗೆ ತುಂಬಿಕೊಂಡಿರುತ್ತದೆ. ಆಮೇಲೆ ಎಣಿಸಿ ಒತ್ತಿದರೆ ಎಲ್ಲರದೂ ಬಹುತೇಕ ಒಟ್ಟಿಗೆ ಹೊರಡುತ್ತದೆ. ಒಮ್ಮೆ ಹೊರಟ ಮೇಲೆ ಚಿತ್ರಗಳು ತಾವಾಗಿ ದಾರಿ ತಪ್ಪುವುದಿಲ್ಲ, ಏಕೆಂದರೆ ಎಲ್ಲ ಯಂತ್ರಗಳೂ ಒಂದೇ ವೇಗದಲ್ಲಿ ಓಡಿಸುತ್ತವೆ. ತಪ್ಪುವುದು ಯಾರದೋ ಮನೆಯಲ್ಲಿ ಇಂಟರ್ನೆಟ್ ಕೈಕೊಟ್ಟು ಚಕ್ರ ತಿರುಗತೊಡಗಿದಾಗ, ಅಥವಾ ಒಬ್ಬರಿಗೆ ಮಾತ್ರ ಜಾಹೀರಾತು ಬಂದಾಗ. ಯೂಟ್ಯೂಬಿಗೆ ಹಣ ಕೊಡುವವರಿಗೆ ಜಾಹೀರಾತು ಬರುವುದಿಲ್ಲ, ಕೊಡದವರಿಗೆ ಬರುತ್ತದೆ. ಪ್ರೈಮ್ ವಿಡಿಯೊ ಕೂಡ 2025ರ ಜೂನ್‌ನಿಂದ ಭಾರತದಲ್ಲಿ ಜಾಹೀರಾತು ತೋರಿಸಲಾರಂಭಿಸಿದೆ. ಹಾಗಾದಾಗ ಮುಂದೆ ಹೋದವರು ನಿಂತು ಕಾಯಬೇಕೇ ಹೊರತು ಹಿಂದೆ ಬಿದ್ದವರು ಹತ್ತು ಸೆಕೆಂಡ್ ಹಾರಿಸುವ ಗುಂಡಿ ಒತ್ತಿ ಓಡಬಾರದು. ಹಾರಿದ ಜಾಗದಿಂದ ಚಿತ್ರ ಮತ್ತೆ ತುಂಬಿಕೊಳ್ಳಬೇಕಾಗಿ ಬಂದು ಅವರು ಇನ್ನಷ್ಟು ಹಿಂದೆ ಬೀಳುತ್ತಾರೆ.

ಪೂರ್ತಿ ಹೊಂದಿಕೆ ಆಗಲೇಬೇಕೆಂಬ ಹಟವೂ ಬೇಡ. ಗಾಜಿನ ಎಳೆಯಲ್ಲಿ ಬೆಳಕು ಸೆಕೆಂಡಿಗೆ ಸುಮಾರು 2 ಲಕ್ಷ ಕಿಲೋಮೀಟರ್ ಓಡುತ್ತದೆ. ಮೈಸೂರಿನಿಂದ ಸ್ಯಾನ್ ಹೋಸೆಗೆ ನೇರ ಅಳೆದರೆ ಸುಮಾರು 14,000 ಕಿಲೋಮೀಟರ್. ಸಮುದ್ರದೊಳಗಿನ ಕೇಬಲ್‌ಗಳು ಸುತ್ತಿಬಳಸಿ ಹೋಗುವುದನ್ನು ಲೆಕ್ಕಕ್ಕೆ ಹಿಡಿಯದಿದ್ದರೂ ನಿಮ್ಮ ನಗು ಅಲ್ಲಿಗೆ ಮುಟ್ಟಲು ಸೆಕೆಂಡಿನ ನೂರರಲ್ಲಿ ಏಳು ಭಾಗ ಬೇಕೇ ಬೇಕು, ವಾಸ್ತವದಲ್ಲಿ ಅದಕ್ಕಿಂತ ಹೆಚ್ಚು. ಅರ್ಧ ಸೆಕೆಂಡಿನ ಅಂತರವನ್ನು ಯಾರೂ ಗಮನಿಸುವುದಿಲ್ಲ. ಮೂರು ಸೆಕೆಂಡ್ ಆದರೆ ಹಾಸ್ಯದ ಮಾತು ಕೆಡುತ್ತದೆ.

ಇನ್ನು ಸಮಯ. ರಾತ್ರಿಯ ಆಟವನ್ನೇ ಎಲ್ಲರೂ ಮೊದಲು ಯೋಚಿಸುತ್ತಾರೆ. ಭಾರತದ ರಾತ್ರಿ 9 ಗಂಟೆ ಎಂದರೆ ಮೆಲ್ಬರ್ನ್‌ನಲ್ಲಿ ನಡುರಾತ್ರಿ ಕಳೆದು ಒಂದೂವರೆಯೋ ಎರಡೂವರೆಯೋ ಆಗಿರುತ್ತದೆ, ಅದು ನಡೆಯದ ಮಾತು. ಭಾನುವಾರ ಬೆಳಗ್ಗೆ 11.30 ಎಂದು ಇಟ್ಟುಕೊಂಡು ನೋಡಿ. ಆಗ ದುಬೈಯಲ್ಲಿ ಬೆಳಗ್ಗೆ 10 ಗಂಟೆ. ಸ್ಟುಟ್‌ಗಾರ್ಟ್‌ನಲ್ಲಿ ಅಲ್ಲಿನ ಬೇಸಿಗೆಯಾದರೆ ಬೆಳಗಿನ 8, ಚಳಿಗಾಲವಾದರೆ 7. ಮೆಲ್ಬರ್ನ್‌ನಲ್ಲಿ ಸಂಜೆ 4 ಅಥವಾ 5. ಸ್ಯಾನ್ ಹೋಸೆಯಲ್ಲಿ ಶನಿವಾರ ರಾತ್ರಿ 11, ಚಳಿಗಾಲದಲ್ಲಿ 10. ನಿದ್ದೆಗೆಡಬೇಕಾದವಳು ಒಬ್ಬಳೇ, ಆಕೆಗೂ ಮರುದಿನ ರಜೆ. ನಮ್ಮ ಚಿತ್ರಗಳು ಎರಡೂವರೆ ಗಂಟೆ ಇರುವುದರಿಂದ ಆಕೆಯ ಸಲುವಾಗಿ ಮಧ್ಯಂತರದವರೆಗೆ ಒಂದು ವಾರ, ಉಳಿದದ್ದು ಮುಂದಿನ ವಾರ ಎಂದು ಹಂಚಿಕೊಂಡರೂ ಆಯಿತು. ಅಂದಹಾಗೆ, ಹನ್ನೊಂದೂವರೆ ಎಂದರೆ ನಿಮ್ಮ ಬೆಳಗಿನ ಆಟದ ಹೊತ್ತು.

ಪ್ರಶ್ನೆ: ವಿಡಿಯೊ ಕರೆಯಲ್ಲಿ ನನ್ನ ಪರದೆಯನ್ನು ಹಂಚಿಕೊಂಡು ಬೆಂಗಳೂರಿನ ಗೆಳೆಯರಿಗೆ ನೆಟ್‌ಫ್ಲಿಕ್ಸ್‌ನ ಚಿತ್ರ ತೋರಿಸಲು ಹೋದೆ. ನನಗೆ ಎಲ್ಲವೂ ಚೆನ್ನಾಗಿ ಕಾಣುತ್ತಿತ್ತು. ಅವರಿಗೆ ಮಾತ್ರ ಕಪ್ಪು ಪರದೆ. ಅದರ ಮೇಲೆ ಸಂಭಾಷಣೆಯ ಅಕ್ಷರಗಳು ಮಾತ್ರ ತೇಲುತ್ತಿದ್ದವಂತೆ. ನನ್ನ ಲ್ಯಾಪ್‌ಟಾಪ್ ಕೆಟ್ಟಿದೆಯೇ?
— ವಿದ್ಯಾರ್ಥಿ, ಮಂಡ್ಯ

ಉತ್ತರ: ಲ್ಯಾಪ್‌ಟಾಪ್ ಕೆಟ್ಟಿಲ್ಲ, ಅದು ಮಾಡಬೇಕಾದ ಕೆಲಸವನ್ನೇ ಮಾಡಿದೆ. ಚಂದಾ ಪಡೆದು ನೋಡುವ ಚಿತ್ರಗಳು ಬೀಗ ಹಾಕಿದ ಪೆಟ್ಟಿಗೆಯಂತೆ ಗೂಢಲಿಪಿಯಲ್ಲಿ ಬರುತ್ತವೆ. ಕ್ರೋಮ್ ಬ್ರೌಸರಿನಲ್ಲಿ ಆ ಬೀಗ ತೆಗೆಯುವುದು ಗೂಗಲ್ 2010ರಲ್ಲಿ ಕೊಂಡುಕೊಂಡ ವೈಡ್‌ವೈನ್ ಎಂಬ ವ್ಯವಸ್ಥೆ. ಆಪಲ್ ಮತ್ತು ಮೈಕ್ರೋಸಾಫ್ಟ್ ಕಂಪನಿಗಳಿಗೆ ತಮ್ಮವೇ ಬೇರೆ ಇವೆ. ಬೀಗ ತೆಗೆದ ಚಿತ್ರವನ್ನು ಅನೇಕ ಯಂತ್ರಗಳಲ್ಲಿ ಬೇರೆ ತಂತ್ರಾಂಶಗಳು ಇಣುಕಲಾಗದ ದಾರಿಯಲ್ಲಿ ನೇರವಾಗಿ ಪರದೆಗೆ ಕಳುಹಿಸಲಾಗುತ್ತದೆ. ವಿಡಿಯೊ ಕರೆಯ ತಂತ್ರಾಂಶ ನಿಮ್ಮ ಪರದೆಯ ನಕಲು ತೆಗೆಯಲು ಬಂದಾಗ ಆ ಜಾಗದಲ್ಲಿ ಅದಕ್ಕೆ ಸಿಗುವುದು ಖಾಲಿ ಚೌಕ. ಸಂಭಾಷಣೆಯ ಅಕ್ಷರಗಳು ಚಿತ್ರದೊಳಗೆ ಬೆರೆತಿರುವುದಿಲ್ಲ. ಬ್ರೌಸರ್ ಅವನ್ನು ಸಾಮಾನ್ಯ ಬರಹದಂತೆ ಚಿತ್ರದ ಮೇಲೆ ಇಡುತ್ತದೆ, ಆದ್ದರಿಂದ ಅವು ಮಾತ್ರ ದಾಟಿಹೋದವು.

ಇದನ್ನು ತಪ್ಪಿಸುವ ಉಪಾಯಗಳನ್ನು ನಿಮಗೆ ಯಾರಾದರೂ ಹೇಳಿಯೇ ಹೇಳುತ್ತಾರೆ. ನಾವು ಹೇಳುವುದಿಲ್ಲ. 1957ರ ಕೃತಿಸ್ವಾಮ್ಯ ಕಾಯ್ದೆಗೆ 2012ರ ತಿದ್ದುಪಡಿಯಲ್ಲಿ ಸೇರಿದ 65ಎ ಕಲಮಿನ ಪ್ರಕಾರ, ಹಕ್ಕನ್ನು ಉಲ್ಲಂಘಿಸುವ ಉದ್ದೇಶದಿಂದ ಇಂತಹ ರಕ್ಷಣೆಯನ್ನು ಮುರಿಯುವುದು ಎರಡು ವರ್ಷದವರೆಗೆ ಸೆರೆವಾಸ ವಿಧಿಸಬಹುದಾದ ಅಪರಾಧ. ನಾಲ್ವರು ಗೆಳೆಯರು ಒಂದು ಸಂಜೆ ಸಿನಿಮಾ ನೋಡಿದ್ದಕ್ಕೆ ಯಾರೂ ಮನೆಗೆ ಬಂದು ಬಾಗಿಲು ಬಡಿಯಲಿಕ್ಕಿಲ್ಲ. ಆದರೂ ಗೆಳೆಯರೂ ತಮ್ಮ ಚಂದಾದಿಂದಲೇ ಸೇರಿಕೊಳ್ಳುವ, ಹಿಂದಿನ ಉತ್ತರದಲ್ಲಿ ಹೇಳಿದ ದಾರಿ ಇರುವಾಗ ಅಡ್ಡದಾರಿ ಏಕೆ? ಚಿತ್ರದ ಗುಣಮಟ್ಟವೂ ಆ ದಾರಿಯಲ್ಲಿಯೇ ಚೆನ್ನ, ಏಕೆಂದರೆ ಪರದೆ ಹಂಚಿಕೊಂಡಾಗ ನಿಮ್ಮ ಮನೆಯ ಇಂಟರ್ನೆಟ್ಟೇ ಚಿತ್ರವನ್ನು ಮತ್ತೊಮ್ಮೆ ಮೇಲಕ್ಕೆ ಹೊತ್ತು ಕಳುಹಿಸಬೇಕಾಗುತ್ತದೆ.

ಪರದೆ ಹಂಚಿಕೊಳ್ಳುವುದಕ್ಕೆ ಸರಿಯಾದ ಸಾಮಗ್ರಿ ಎಂದರೆ ನಿಮ್ಮದೇ ವಿಡಿಯೊಗಳು: ಅಕ್ಕನ ಮದುವೆಯದು, ಕಾಲೇಜು ಪ್ರವಾಸದ್ದು. ವಾಟ್ಸ್‌ಆ್ಯಪ್‌ನಲ್ಲಿ 2023ರ ಆಗಸ್ಟ್‌ನಿಂದ ಪರದೆ ಹಂಚಿಕೊಳ್ಳಬಹುದು, ಅದರೊಂದಿಗೆ ಧ್ವನಿಯನ್ನೂ ಕಳುಹಿಸುವ ಸೌಲಭ್ಯ 2024ರಲ್ಲಿ ಬಂತು. ಜೂಮ್‌ನಲ್ಲಿ ಹಂಚಿಕೊಳ್ಳುವಾಗ ಧ್ವನಿಯ ಚೌಕವನ್ನು ಗುರುತುಮಾಡದೆ ಹೋದರೆ ಎದುರಿನವರಿಗೆ ಮೂಕಿ ಚಿತ್ರ ಕಾಣಿಸುತ್ತದೆ. ಉಚಿತ ಖಾತೆಯಲ್ಲಿ 40 ನಿಮಿಷಕ್ಕೆ ಕರೆ ಮುಗಿಯುತ್ತದೆ ಎಂಬುದೂ ನೆನಪಿರಲಿ.

ಪ್ರಶ್ನೆ: ನಮ್ಮ ಹಳ್ಳಿಯಲ್ಲಿ ಕೇಬಲ್ ಇಂಟರ್ನೆಟ್ ಇಲ್ಲ. ದಿನಕ್ಕೆ 2 ಜಿಬಿ ಸಿಗುವ ಮೊಬೈಲ್ ಪ್ಯಾಕ್ ನನ್ನದು. ಮೈಸೂರಿನಲ್ಲಿ ಕೆಲಸದಲ್ಲಿರುವ ಗೆಳೆಯರ ಜತೆ ಸೇರಿ ಸಿನಿಮಾ ನೋಡಿದರೆ ಒಬ್ಬನೇ ನೋಡುವುದಕ್ಕಿಂತ ಹೆಚ್ಚು ಡೇಟಾ ಖರ್ಚಾಗುತ್ತದೆಯೇ?
— ರೈತ ಯುವಕ, ಪಾಂಡವಪುರ ತಾಲ್ಲೂಕು

ಉತ್ತರ: ಸೇರಿ ನೋಡುವುದಕ್ಕೆ ಹೆಚ್ಚು ಖರ್ಚಿಲ್ಲ, ಸೇರಿ ಮಾತನಾಡುವುದಕ್ಕೆ ಇದೆ. ಹೊಂದಾಣಿಕೆಗಾಗಿ ಓಡಾಡುವ ಸುದ್ದಿಗಳು ಎಣಿಸಲಾರದಷ್ಟು ಚಿಕ್ಕವು. ಚಿತ್ರದ ಖರ್ಚು ಗುಣಮಟ್ಟವನ್ನು ಅವಲಂಬಿಸಿದೆ. ನೆಟ್‌ಫ್ಲಿಕ್ಸ್ ತಾನೇ ಕೊಟ್ಟಿರುವ ಲೆಕ್ಕದಂತೆ ಕಡಿಮೆ ಗುಣಮಟ್ಟದಲ್ಲಿ ಗಂಟೆಗೆ 0.3 ಜಿಬಿ, ಮಧ್ಯಮದಲ್ಲಿ 0.7 ಜಿಬಿ, ಎಚ್‌ಡಿ ಆದರೆ 3 ಜಿಬಿಯವರೆಗೆ, 4ಕೆ ಆದರೆ 7 ಜಿಬಿಯವರೆಗೆ ಬೇಕು. ಎರಡೂವರೆ ಗಂಟೆಯ ಚಿತ್ರವನ್ನು ಮಧ್ಯಮದಲ್ಲಿ ನೋಡಿದರೆ 1.75 ಜಿಬಿ ಆಯಿತು. ನಿಮ್ಮ ಪ್ಯಾಕ್ ಅದಕ್ಕೆ ಸಾಲುತ್ತದೆ, ಆದರೆ ಆ ದಿನ ಬೇರೇನನ್ನೂ ನೋಡುವಂತಿಲ್ಲ. ಫೋನಿನ ಸಣ್ಣ ಪರದೆಗೆ ಕಡಿಮೆ ಗುಣಮಟ್ಟವೇ ಧಾರಾಳ.

ಜತೆಗೆ ವಿಡಿಯೊ ಕರೆಯನ್ನೂ ತೆರೆದಿಟ್ಟರೆ ಅದರ ಖರ್ಚು ಬೇರೆ, ಸಾಲದ್ದಕ್ಕೆ ಸಿಗ್ನಲ್ ಕಡಿಮೆ ಇರುವಲ್ಲಿ ಎರಡೂ ಒಂದನ್ನೊಂದು ಎಳೆದಾಡಿ ಸಿನಿಮಾ ನಿಂತುಹೋಗುತ್ತದೆ. ಗೆಳೆಯರ ಮುಖ ಮಧ್ಯಂತರದಲ್ಲಿ ನೋಡಿದರಾಯಿತು. ಚಿತ್ರ ನಡೆಯುವಾಗ ಧ್ವನಿ ಕರೆ ಸಾಕು, ಅದಕ್ಕೆ ಗಂಟೆಗೆ ಕೆಲವು ಹತ್ತು ಎಂಬಿಗಿಂತ ಹೆಚ್ಚು ಬೇಕಾಗದು. ಇನ್ನೊಂದು ಮಾತು. ನಿಮ್ಮ ಚಂದಾ ಅಗ್ಗದ ಮೊಬೈಲ್ ಯೋಜನೆಯಾಗಿದ್ದರೆ ಅದರಲ್ಲಿ ಫೋನ್ ಮತ್ತು ಟ್ಯಾಬ್ಲೆಟ್‌ಗಳಲ್ಲಿ ಮಾತ್ರ ನೋಡಬಹುದು. ಕಂಪ್ಯೂಟರಿನ ಬ್ರೌಸರಿಗೆ ಎಕ್ಸ್‌ಟೆನ್ಷನ್ ಹಾಕಿಕೊಂಡು ಕಾದು ಕುಳಿತರೆ ನಿರಾಶೆಯಾದೀತು.

ಪ್ರಶ್ನೆ: ಕ್ರಿಕೆಟ್ ಪಂದ್ಯವನ್ನು ನಾನು ಮೊಬೈಲ್ ಆ್ಯಪ್‌ನಲ್ಲಿ ನೋಡುತ್ತಾ ಶಿವಮೊಗ್ಗದ ಗೆಳೆಯನೊಂದಿಗೆ ಕರೆಯಲ್ಲಿರುತ್ತೇನೆ. ಅವನ ಮನೆಯಲ್ಲಿ ಡಿಶ್ ಇದೆ. ವಿಕೆಟ್ ಬಿದ್ದಾಗ ಅವನು ಕೂಗುತ್ತಾನೆ. ನನ್ನ ಪರದೆಯಲ್ಲಿ ಬೌಲರ್ ಇನ್ನೂ ಓಡಿಬರಲು ನಿಂತಿರುತ್ತಾನೆ. ಡಿಶ್‌ಗಿಂತ ಇಂಟರ್ನೆಟ್ ವೇಗವಲ್ಲವೇ?
— ಅಂಗಡಿ ಮಾಲೀಕರು, ಅಗ್ರಹಾರ, ಮೈಸೂರು

ಉತ್ತರ: ಓದಿದವರಿಗೂ ಇದು ವಿಚಿತ್ರವಾಗಿ ಕಾಣುತ್ತದೆ. ಡಿಶ್‌ಗೆ ಬರುವ ಚಿತ್ರ ಭೂಮಿಯಿಂದ ಸುಮಾರು 36,000 ಕಿಲೋಮೀಟರ್ ಮೇಲಿರುವ ಉಪಗ್ರಹಕ್ಕೆ ಹೋಗಿ ಮತ್ತೆ ಅಷ್ಟೇ ದೂರ ಕೆಳಗಿಳಿಯಬೇಕು. ಆದರೂ ಆ ಪ್ರಯಾಣಕ್ಕೆ ಹಿಡಿಯುವುದು ಕಾಲು ಸೆಕೆಂಡ್ ಮಾತ್ರ. ಆ್ಯಪ್‌ನಲ್ಲಿ ತಡವಾಗುವುದು ದಾರಿಯಲ್ಲಲ್ಲ, ಕಟ್ಟುವುದರಲ್ಲಿ. ಅಂತರ್ಜಾಲದಲ್ಲಿ ನೇರಪ್ರಸಾರವನ್ನು ಸಾಮಾನ್ಯವಾಗಿ ಕೆಲವು ಸೆಕೆಂಡುಗಳ ತುಂಡುಗಳನ್ನಾಗಿ ಕತ್ತರಿಸಿ ಒಂದೊಂದಾಗಿ ಕಳುಹಿಸುತ್ತಾರೆ. ಆಪಲ್ 2009ರಲ್ಲಿ ತಂದ, ಇಂದು ಎಲ್ಲೆಡೆ ಬಳಕೆಯಲ್ಲಿರುವ ಎಚ್‌ಎಲ್‌ಎಸ್ ಪದ್ಧತಿಯಲ್ಲಿ ತುಂಡು 6 ಸೆಕೆಂಡಿನದಿರಲಿ ಎಂಬುದು ಆ ಕಂಪನಿಯ ಸಲಹೆ. ನಡುವೆ ಚಿತ್ರ ನಿಲ್ಲದಿರಲೆಂದು ನಿಮ್ಮ ಆ್ಯಪ್ ಅಂತಹ ಮೂರು ತುಂಡುಗಳಷ್ಟು ಹಿಂದೆಯೇ ಉಳಿದು ತೋರಿಸುತ್ತದೆ. ಅಲ್ಲಿಗೆ 18 ಸೆಕೆಂಡ್ ಆಯಿತು; ಕತ್ತರಿಸಿ ಹಂಚುವ ಕೆಲಸದ ಹೊತ್ತನ್ನೂ ಸೇರಿಸಿದರೆ ಅರ್ಧ ನಿಮಿಷದ ಹತ್ತಿರ ಬರುತ್ತದೆ. ಸಂತೆಗೆ ಗಾಡಿ ಓಡುವ ವೇಗ ಎಷ್ಟಿದ್ದರೇನು, ಮೂಟೆ ಕಟ್ಟಿ ಮುಗಿಯುವವರೆಗೆ ಅದು ಹೊರಡುವಂತಿಲ್ಲ.

1935ರಲ್ಲಿ ಎಂ. ವಿ. ಗೋಪಾಲಸ್ವಾಮಿಯವರು ಮೈಸೂರಿನ ತಮ್ಮ ಮನೆಯಿಂದ ರೇಡಿಯೊ ಪ್ರಸಾರ ಆರಂಭಿಸಿದಾಗ ಕೇಳುವವರೆಲ್ಲರಿಗೂ ಮಾತು ಒಂದೇ ಕ್ಷಣಕ್ಕೆ ಮುಟ್ಟುತ್ತಿತ್ತು, ಅದಕ್ಕಾಗಿ ಯಾರೂ ಯಾವ ಏರ್ಪಾಟನ್ನೂ ಮಾಡಬೇಕಿರಲಿಲ್ಲ. ತುಂಡು ಮಾಡಿ ಕಳುಹಿಸುವ ಪದ್ಧತಿ ಬಂದ ಮೇಲೆ ಒಂದೇ ಬೀದಿಯ ಎರಡು ಅಂಗಡಿಗಳಲ್ಲಿಯೂ ವಿಕೆಟ್ ಎರಡು ಸಲ ಬೀಳುತ್ತದೆ.

ಮುಂದಿರುವವನನ್ನು ಹಿಂದಕ್ಕೆ ತರಬಹುದೇ ಹೊರತು ಹಿಂದಿರುವವನನ್ನು ಮುಂದಕ್ಕೆ ತರಲಾಗದು. ನಿಮ್ಮ ಗೆಳೆಯನ ಸೆಟ್‌ಟಾಪ್ ಬಾಕ್ಸಿನಲ್ಲಿ ನೇರಪ್ರಸಾರವನ್ನು ತಡೆಹಿಡಿಯುವ ಗುಂಡಿ ಇದ್ದರೆ ಓವರಿನ ನಡುವೆ ಅರ್ಧ ನಿಮಿಷ ನಿಲ್ಲಿಸಲಿ. ಇಲ್ಲದಿದ್ದರೆ ಅವನೂ ಅದೇ ಆ್ಯಪ್‌ನಲ್ಲಿ ನೋಡಲಿ. ಆಗ ಉಳಿಯುವುದು ಕೆಲವೇ ಸೆಕೆಂಡುಗಳ ವ್ಯತ್ಯಾಸ, ಅದನ್ನು ಮುಂದಿರುವವರು ಒಮ್ಮೆ ನಿಲ್ಲಿಸಿ ಹೊರಟರೆ ತುಂಬಿಕೊಳ್ಳಬಹುದು. ಪಂದ್ಯ ಮುಗಿಯುವವರೆಗೆ ವಾಟ್ಸ್‌ಆ್ಯಪ್ ಗುಂಪುಗಳ ಸದ್ದನ್ನು ಅಡಗಿಸಿಡುವುದನ್ನು ಮರೆಯಬೇಡಿ.

ದಸರಾ ಜಂಬೂಸವಾರಿಯ ನೇರಪ್ರಸಾರಕ್ಕೂ ಇದೇ ಮಾತು ಅನ್ವಯಿಸುತ್ತದೆ. ಬೀದಿಯಲ್ಲಿ ನಿಂತು ಅಂಬಾರಿಯನ್ನು ಕಣ್ಣಾರೆ ಕಾಣುತ್ತಿರುವವರು ಫೋನಿನಲ್ಲಿ ಹೇಳುವ ಮಾತು ಕ್ಯಾಲಿಫೋರ್ನಿಯಾದಲ್ಲಿ ಬೆಳಗಿನ ಜಾವ ಎದ್ದು ಯೂಟ್ಯೂಬ್ ನೋಡುತ್ತಿರುವ ತಮ್ಮನಿಗೆ ಚಿತ್ರಕ್ಕಿಂತ ಮೊದಲೇ ತಲುಪಿರುತ್ತದೆ.

ಪ್ರಶ್ನೆ: ನಮ್ಮ ಗುಂಪಿನ ಕೂಟ ಪ್ರತಿ ಭಾನುವಾರ ನಿಗದಿಯಾದ ಹೊತ್ತಿಗೇ ನಡೆಯುತ್ತದೆ. ಆದರೆ ಅಕ್ಟೋಬರ್ ಬಂತೆಂದರೆ ಮೆಲ್ಬರ್ನ್‌ನವನು ಒಂದು ಗಂಟೆ ಮೊದಲೇ ಬಂದು ಕಾಯುತ್ತಾನೆ, ನವೆಂಬರಿಗೆ ಜರ್ಮನಿಯವನು ಒಂದು ಗಂಟೆ ತಡವಾಗಿ ಬರುತ್ತಾನೆ. ಇಬ್ಬರೂ ತಮ್ಮದೇ ಸರಿ ಎನ್ನುತ್ತಾರೆ.
— ಬ್ಯಾಂಕ್ ಉದ್ಯೋಗಿ, ಕುವೆಂಪುನಗರ, ಮೈಸೂರು

ಉತ್ತರ: ಇಬ್ಬರೂ ತಮ್ಮ ಮನೆಯ ಗಡಿಯಾರಕ್ಕೆ ನಿಷ್ಠರಾಗಿದ್ದಾರೆ, ಗಡಿಯಾರಗಳೇ ಜರುಗಿವೆ. ಮೆಲ್ಬರ್ನ್‌ನಲ್ಲಿ ಅಕ್ಟೋಬರಿನ ಮೊದಲ ಭಾನುವಾರ ಗಡಿಯಾರವನ್ನು ಒಂದು ಗಂಟೆ ಮುಂದಕ್ಕೆ ತಿರುಗಿಸುತ್ತಾರೆ, ಜರ್ಮನಿಯಲ್ಲಿ ಅಕ್ಟೋಬರಿನ ಕೊನೆಯ ಭಾನುವಾರ ಒಂದು ಗಂಟೆ ಹಿಂದಕ್ಕೆ. ಅಮೆರಿಕದ ಗೆಳೆಯರಿದ್ದರೆ ಅವರದು ನವೆಂಬರಿನ ಮೊದಲ ಭಾನುವಾರ. ಭಾರತದಲ್ಲಿಯೂ ದುಬೈಯಲ್ಲಿಯೂ ಈ ಪದ್ಧತಿ ಇಲ್ಲ. ಕೂಟದ ಸಮಯವನ್ನು ಫೋನಿನ ಕ್ಯಾಲೆಂಡರಿನಲ್ಲಿ ಭಾರತೀಯ ಕಾಲಮಾನವೆಂದು ನಮೂದಿಸಿ ಆಹ್ವಾನ ಕಳುಹಿಸಿದರೆ ಪ್ರತಿಯೊಬ್ಬರ ಫೋನೂ ತನ್ನ ಊರಿನ ಸಮಯಕ್ಕೆ ತಾನೇ ಬದಲಿಸಿಕೊಳ್ಳುತ್ತದೆ. ‘ನಿಮ್ಮ ಕಡೆ ಎಂಟು, ನಮ್ಮ ಕಡೆ ಹನ್ನೊಂದೂವರೆ’ ಎಂದು ಬಾಯಿಮಾತಿನಲ್ಲಿ ಗೊತ್ತುಮಾಡುವುದನ್ನು ಬಿಡಿ.

ಪ್ರಶ್ನೆ: ಒಂದೇ ನೆಟ್‌ಫ್ಲಿಕ್ಸ್ ಚಂದಾದ ಪಾಸ್‌ವರ್ಡನ್ನು ನಾವು ನಾಲ್ಕು ಮನೆಯವರು ಹಂಚಿಕೊಂಡು ಒಟ್ಟಿಗೆ ನೋಡುತ್ತಿದ್ದೆವು. ಈಗ ಆಗುತ್ತಿಲ್ಲ. ಏನು ಮಾಡಬೇಕು?
— ಓದುಗರು, ಮದ್ದೂರು

ಉತ್ತರ: 2023ರ ಜುಲೈನಿಂದ ನೆಟ್‌ಫ್ಲಿಕ್ಸ್ ಭಾರತದಲ್ಲಿಯೂ ಒಂದು ಚಂದಾ ಒಂದು ಮನೆಯವರಿಗೆ ಮಾತ್ರ ಎಂಬ ನಿಯಮವನ್ನು ಜಾರಿಗೆ ತಂದಿದೆ. ನಾಲ್ಕು ಮನೆಗಳಿಗೂ ಚಂದಾ ತರುವುದು ಹೊರೆ ಎನಿಸಿದರೆ ಯೂಟ್ಯೂಬಿನಲ್ಲಿ ನಿರ್ಮಾಪಕರೇ ಅಧಿಕೃತವಾಗಿ ಹಾಕಿರುವ ಹಳೆಯ ಕನ್ನಡ ಚಿತ್ರಗಳು ಬೇಕಾದಷ್ಟಿವೆ. ಅಲ್ಲಿ ಚಂದಾದ ಮಾತೂ ಇಲ್ಲ.

ಪ್ರಶ್ನೆ: ನಾವು ಅಕ್ಕತಂಗಿಯರು ಹಳೆಯ ಚಿತ್ರಗೀತೆಗಳ ವಿಡಿಯೊ ಹಾಕಿಕೊಂಡು ಮೂರು ಊರುಗಳಿಂದ ಒಟ್ಟಿಗೆ ಹಾಡಲು ಪ್ರಯತ್ನಿಸಿದೆವು. ನೋಡುವಾಗ ಸರಿಯಾಗಿಯೇ ಇರುತ್ತದೆ, ಹಾಡತೊಡಗಿದರೆ ಕೆಡುತ್ತದೆ.
— ಗೃಹಿಣಿ, ಶ್ರೀರಂಗಪಟ್ಟಣ

ಉತ್ತರ: ನೋಡುವುದಕ್ಕೆ ಅರ್ಧ ಸೆಕೆಂಡ್ ಹೆಚ್ಚಲ್ಲ, ತಾಳಕ್ಕೆ ಅದು ಬಹಳ ದೊಡ್ಡದು. ಸೆಕೆಂಡಿನ ನೂರರಲ್ಲಿ ಮೂರು ಭಾಗದಷ್ಟು ತಡವಾದರೆ ಒಟ್ಟಾಗಿ ಹಾಡುವವರಿಗೆ ತಾಳ ಜಾರತೊಡಗುತ್ತದೆ. ಅದು ಹತ್ತು ಮೀಟರ್ ದೂರ ನಿಂತವರ ದನಿ ಗಾಳಿಯಲ್ಲಿ ನಮ್ಮ ಕಿವಿಗೆ ಬರಲು ಹಿಡಿಯುವ ಹೊತ್ತು. ಫೋನಿನ ಕರೆಯಲ್ಲಿ ಅದಕ್ಕಿಂತ ಎಷ್ಟೋ ಪಟ್ಟು ತಡವಾಗುತ್ತದೆ. ಪಲ್ಲವಿ ಒಬ್ಬರು, ಚರಣ ಒಬ್ಬರು ಎಂದು ಸರದಿಯಲ್ಲಿ ಹಾಡಿ, ಉಳಿದವರು ಮೈಕ್ ಮುಚ್ಚಿಕೊಂಡು ತಮ್ಮ ಮನೆಯಲ್ಲಿಯೇ ದನಿಗೂಡಿಸಿ. ಇದಕ್ಕಿಂತ ಉತ್ತಮವಾದ ಉಪಾಯ ಮನೆಬಳಕೆಯ ಫೋನುಗಳಲ್ಲಿಲ್ಲ.

ಪ್ರಶ್ನೆ: ನನಗೆ 71 ವರ್ಷ. ಮಗಳು ಅಮೆರಿಕದ ನ್ಯೂಜೆರ್ಸಿಯಲ್ಲಿದ್ದಾಳೆ. ‘ಅಮ್ಮ, ಇಬ್ಬರೂ ಸೇರಿ ಸಿನಿಮಾ ನೋಡೋಣ’ ಎಂದು ಲಿಂಕ್ ಕಳುಹಿಸುತ್ತಾಳೆ. ನನಗೆ ಕಂಪ್ಯೂಟರ್ ಬಾರದು. ಮನೆಯ ದೊಡ್ಡ ಟಿವಿಯಲ್ಲಿ ಸಿನಿಮಾ ಹಾಕಿಕೊಳ್ಳುವುದು ಮಾತ್ರ ಗೊತ್ತು. ಫೋನಿನಲ್ಲಿ ಮಾತನಾಡುತ್ತಾ ನೋಡಿದರೆ ಅವಳಿಗೆ ನಮ್ಮ ಟಿವಿಯ ಸದ್ದೂ ಸೇರಿ ಎರಡೆರಡು ಸಲ ಕೇಳಿಸುತ್ತದಂತೆ.
— ನಿವೃತ್ತ ಶಿಕ್ಷಕಿ, ಜಯಲಕ್ಷ್ಮೀಪುರಂ, ಮೈಸೂರು

ಉತ್ತರ: ಟಿವಿಯನ್ನು ಬಿಟ್ಟು ನೀವು ಎಲ್ಲಿಗೂ ಹೋಗಬೇಕಾಗಿಲ್ಲ, ಅಮ್ಮ. ಮಗಳು ಕಳುಹಿಸುವ ಲಿಂಕ್ ಕಂಪ್ಯೂಟರಿಗಾಗಿ ಮಾಡಿದ್ದು. ಅದು ಟಿವಿಯಲ್ಲಿ ತೆರೆಯದಿದ್ದರೆ ನಿಮ್ಮ ತಪ್ಪಲ್ಲ. ಮೊದಲ ಉತ್ತರದಲ್ಲಿ ಹೇಳಿದಂತೆ ಎರಡು ನಿಮಿಷ ಓಡಿಸಿ, ಒಂದು ಜಾಗದಲ್ಲಿ ನಿಲ್ಲಿಸಿ, ಮಗಳಿಗೆ ಪರದೆಯ ಕೆಳಗೆ ಕಾಣುವ ನಿಮಿಷ ಮತ್ತು ಸೆಕೆಂಡನ್ನು ಓದಿ ಹೇಳಿ. ಅವಳು ತನ್ನದನ್ನು ಅಲ್ಲಿಗೇ ತಂದು ನಿಲ್ಲಿಸಿಕೊಳ್ಳಲಿ. ಕಂಪ್ಯೂಟರಿನಲ್ಲಿ ಅದು ಅವಳಿಗೆ ಸುಲಭ, ರಿಮೋಟ್ ಹಿಡಿದು ಹಿಂದೆ ಮುಂದೆ ಮಾಡುವ ಕಷ್ಟ ನಿಮಗೆ ಬೇಡ. ಆಮೇಲೆ ಎಣಿಸಿ ಹೊರಡಿ. ನಡುವೆ ವ್ಯತ್ಯಾಸ ಬಂದರೆ ತಿದ್ದಿಕೊಳ್ಳುವ ಕೆಲಸವೂ ಅವಳದೇ ಆಗಲಿ.

ಎರಡೆರಡು ಸಲ ಕೇಳಿಸುವುದಕ್ಕೆ ಕಾರಣ ನಿಮ್ಮ ಫೋನಿನ ಮೈಕ್ ಟಿವಿಯ ಮಾತನ್ನೂ ಹಿಡಿದು ಕಳುಹಿಸುವುದು. ಅವಳು ತನ್ನ ಕಡೆಯ ಮಾತಿನ ಜತೆಗೆ ನಿಮ್ಮ ಕಡೆಯದನ್ನೂ ಸ್ವಲ್ಪ ತಡವಾಗಿ ಕೇಳುತ್ತಾಳೆ. ಫೋನನ್ನು ಸ್ಪೀಕರಿನಲ್ಲಿಟ್ಟು ಟಿವಿಯ ಪಕ್ಕದಲ್ಲಿ ಇಡಬೇಡಿ. ಮೈಕ್ ಇರುವ ಸಾಮಾನ್ಯ ಇಯರ್‌ಫೋನಿನ ಒಂದು ತುದಿಯನ್ನು ಒಂದು ಕಿವಿಗೆ ಮಾತ್ರ ಹಾಕಿಕೊಂಡರೆ ಮಗಳ ಮಾತು ಆ ಕಿವಿಗೆ, ಸಿನಿಮಾ ಇನ್ನೊಂದು ಕಿವಿಗೆ ಕೇಳಿಸುತ್ತದೆ. ಮೈಕ್ ನಿಮ್ಮ ಬಾಯಿಯ ಹತ್ತಿರವೇ ಇರುವುದರಿಂದ ಟಿವಿಯ ದನಿ ಕಡಿಮೆ ಹೋಗುತ್ತದೆ. ಮಾತನಾಡದಿರುವಾಗ ಕರೆಯ ಮೈಕ್ ಗುರುತನ್ನು ಒಮ್ಮೆ ಒತ್ತಿ ಮುಚ್ಚಿಡಬಹುದು. ಆದರೆ ಅದನ್ನು ತೆರೆಯಲು ಮರೆತು ಅರ್ಧ ಗಂಟೆ ಒಬ್ಬರೇ ಮಾತನಾಡುತ್ತಾ ಕುಳಿತವರು ನಮಗೆ ಗೊತ್ತಿರುವವರಲ್ಲಿಯೇ ಬಹಳ ಮಂದಿ ಇದ್ದಾರೆ. ಮಗಳು ನಕ್ಕದ್ದು ಕೇಳಿಸಿ, ನೀವು ನಕ್ಕದ್ದಕ್ಕೆ ಅವಳು ಏನೂ ಅನ್ನದಿದ್ದರೆ ಮೊದಲು ಆ ಗುರುತನ್ನು ನೋಡಿಕೊಳ್ಳಿ.